ಕರು ನೆಕ್ಕಿದ ಜಾಲರಿ

ಏಸಿ ಗೋಡೆಗೇರಿ ಎಂಟು ದಿನವಾದರೂ ಅದರೊಳಗೆ ಯಾವ ಫಿಲ್ಟರ್ ಹಾಕಬೇಕೆಂಬುದು ಸಾಪರನ ಮನೆಯಲ್ಲಿ ಇತ್ಯರ್ಥವಾಗಿರಲಿಲ್ಲ. ಬೆಳಗಿನ ಚಹಾದ ಮುಂದೆಯೂ ಅದೇ ಮಾತು, ಮಧ್ಯಾಹ್ನ ಜೋಳದ ಕಡುಬು, ಮಾಂಸದ ಸಾರಿನ ಮುಂದೆಯೂ ಅದೇ ಮಾತು.

“ಕಿಟಕಿಗೊಂದು ಒದ್ದೆ ದುಪ್ಪಟಿ ಕಟ್ಟಿದ್ರೆ ಮುಗೀತು,” ಎಂದ ಸಾಪರ್. ಮೂವತ್ತು ವರ್ಷ ಚಿಂಬಾಯ್ ಕಾಲುವೆಯ ತೂಬು ಕಾಯ್ದು ನಿವೃತ್ತನಾದವನಿಗೆ ಈಗ ಮನೆಮಂದಿಯ ಮಾತಿನ ತೂಬು ಎತ್ತಿ ಇಳಿಸುವುದೇ ಕೆಲಸ. “ನಿನ್ನ ಸಾಕಿದ್ದೂ ಹಂಗೇನೆ. ಸತ್ತುಹೋದ್ಯಾ?”

“ನಾನು ಸಾಯ್ಲಿಲ್ಲ ಅಪ್ಪ. ಇಂಜುಗೆ ಉಬ್ಬಸ ಬಂತಲ್ಲ, ಅದಕ್ಕೇನಂತೀಯ?”

ಮಗ ಸಲಾಮತ್ ಅರಣ್ಯ ಇಲಾಖೆಯವನು. ಬತ್ತಿಹೋದ ಕಡಲಿನ ತಳದಲ್ಲಿ ಮರಳು ಹಿಡಿದಿಡುವ ಸಕ್ಸೌಲ್ ಗಿಡ ನೆಡಿಸುವ ಕೆಲಸ; ಹನ್ನೆರಡು ದಿನ ಅಲ್ಲಿ, ಮೂರು ದಿನ ಮನೆಯಲ್ಲಿ. ಆ ಕಡಲ ಕಡೆಯಿಂದ ಉಪ್ಪುಧೂಳು ಹೊತ್ತು ಬೀಸುವ ಉತ್ತರದ ಗಾಳಿಗೇ ಅವನ ಐದು ವರ್ಷದ ಮಗಳು ಇಂಜುಗೆ ಎದೆ ಕಟ್ಟುತ್ತಿತ್ತು. ಗಾಳಿ ಎದ್ದ ದಿನ ಮಗುವನ್ನು ಒಳಗೇ ಇಟ್ಟುಕೊಳ್ಳಿ, ಏಸಿ ಹಾಕಿಸಿ, ಅದಕ್ಕೆ ನುಣ್ಣನೆಯ ಫಿಲ್ಟರ್ ಹಾಕಿಸಿ ಎಂದು ಡಾಕ್ಟರು ಹೇಳಿ ತಿಂಗಳಾಗಿತ್ತು.

“ಕಾಗದದ್ದು ತಗೊಂಬಿಡೋ, ಎಲ್ಲರ ಮನೇಲೂ ಅದೇ ಇದೆ,” ಎಂದಳು ತಾಯಿ ಉಲ್ಬೋಸಿನ್.

“ಕಾಗದದ್ದು ತಿಂಗಳಿಗೊಂದು ಬಿಸಾಕ್ಬೇಕಮ್ಮ. ಬಿಸಾಕಿದ್ದನ್ನ ಊರಾಚೆ ತಿಪ್ಪೇಲಿ ಸುಡ್ತಾರೆ. ಆ ಹೊಗೆ ಎಲ್ಲಿಗೆ ಬರುತ್ತೆ? ತಿರುಗಿ ನಮ್ಮನೆಗೇ. ಹಗಲೆಲ್ಲ ಗಿಡ ನೆಟ್ಟು ಸಂಜೆ ಕಸ ಸುಡೋದಾ ನಾನು? ತೊಳೆದು ಮತ್ತೆ ಹಾಕ್ಕೊಳ್ಳೋ ಜಾಲರಿ ಬಂದಿದೆ. ಹತ್ತು ವರ್ಷ ಬಾಳಿಕೆ. ಒಂದು ಚೂರು ಕಸ ಇಲ್ಲ.”

“ತೊಳೆಯೋರು ಯಾರು?” ಸಾಪರ್ ಕೇಳಿದ.

ಸೊಸೆ ಅರ್ಜಾಯಿಮ್ ಎದ್ದು ಬಟ್ಟಲುಗಳನ್ನು ಒಂದರೊಳಗೊಂದು ಜೋಡಿಸತೊಡಗಿದಳು. ಅದೇ ಉತ್ತರವಾಯಿತು.

ಶನಿವಾರ ಸಂತೆಗೆ ಹೊರಟ ಮಗನ ಜೊತೆ ಉಲ್ಬೋಸಿನ್ ಕೂಡ ಹೋದಳು. ಅವಳಿಗೆ ಕರ್ಬೂಜ ಬೇಕಿತ್ತು. ಅಂಗಡಿಯವನು ಮೂರು ಬಗೆ ಮುಂದಿಟ್ಟ: ಮಡಚಿದ ಕಾಗದದ್ದು, ಇದ್ದಿಲ ಪುಡಿ ತುಂಬಿದ್ದು, ನೂಲಿಗಿಂತ ಸಣ್ಣ ಎಳೆಯ ಬಿಳೀ ಜಾಲರಿ. ಸಲಾಮತ್ ಜಾಲರಿಯನ್ನು ಬೆಳಕಿಗೆ ಹಿಡಿದು, ಊದಿ, ಮೂಸಿ, ಮಗಳಿಗೆ ಅಂಗಿ ಆರಿಸುವವನ ಹಾಗೆ ಎರಡು ಸಲ ತಿರುಗಿಸಿ ನೋಡಿ “ಇದೇ” ಎಂದ. ಕಾರು ಬಿಸಿಲಿಗೆ ನಿಂತಿದೆಯೆಂದು ನೆರಳಿಗೆ ಹಾಕಲು ಹೋದ.

ಆಗ ಅಂಗಡಿಯವನು ಉಲ್ಬೋಸಿನಳ ಕೈಗೆ ಪೊಟ್ಟಣ ಕೊಡುತ್ತ ಹೇಳಿದ: “ಅಮ್ಮ, ಎರಡು ಮಾತು ನೆನಪಿಟ್ಕೊಳ್ಳಿ. ನೆರಳಲ್ಲಿ ಒಣಗಿಸಬೇಕು. ಮತ್ತೆ ಪಂಪಿನ ನೀರು ಮಾತ್ರ ಮುಟ್ಟಿಸಬೇಡಿ, ಸಿಹಿನೀರಲ್ಲೇ ತೊಳೀಬೇಕು. ನಮ್ಮೂರ ಉಪ್ಪುನೀರು ಇದಕ್ಕಾಗಲ್ಲ.”

“ಆಗಲಪ್ಪ, ಆಗಲಿ,” ಎಂದಳು.

ಕಾರಿನಲ್ಲಿ ಮಗ ಕೇಳಿದ, “ಏನೋ ಹೇಳ್ತಿದ್ನಲ್ಲ?”

“ನೆರಳಲ್ಲಿ ಒಣಗಿಸ್ಬೇಕಂತೆ.”

ಎರಡನೆಯ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅಷ್ಟರಲ್ಲಿ ಅಡುಗೆಮನೆಯ ಮೂಲೆಯ ಎರಡು ಅಲ್ಯುಮಿನಿಯಂ ಕ್ಯಾನುಗಳು ಅವಳ ಕಣ್ಣ ಮುಂದೆ ನಿಂತವು. ಸಿಹಿನೀರಿನ ಗಾಡಿ ಮಂಗಳವಾರ, ಶನಿವಾರ ಬರುತ್ತಿದ್ದದ್ದು ಈಗ ಮಂಗಳವಾರ ಮಾತ್ರ ಬರುತ್ತಿತ್ತು. ಜುಲೈ ಕೊನೆಯ ಭಾನುವಾರ ಹೆಂಗಸರ ಚಹಾಕೂಟದ ಸರದಿ ಅವಳ ಮನೆಯದು. ಹನ್ನೆರಡು ಜನ, ಒಬ್ಬೊಬ್ಬರಿಗೆ ಹತ್ತು ಬಟ್ಟಲಾದರೂ ಬೇಕು. ಆ ಓಣಿಯಲ್ಲಿ ಉಲ್ಬೋಸಿನಳ ಹಾಲು ಚಹಾಕ್ಕೆ ಹೆಸರಿತ್ತು. ಆ ಹೆಸರು ಆ ಎರಡು ಕ್ಯಾನುಗಳಲ್ಲಿತ್ತು. ಅವಳು ಮಾತು ನುಂಗಿಕೊಂಡು ಕರ್ಬೂಜದ ತೊಟ್ಟು ಮೂಸಿ ನೋಡಿದಳು.

ಮೊದಲ ಹತ್ತು ದಿನ ಮನೆ ಹಬ್ಬದಂತಿತ್ತು. ಇಂಜು ಕೆಮ್ಮದೆ ಮಲಗಿದಳು, ಕೆಮ್ಮದೆ ಎದ್ದಳು. ಉತ್ತರದ ಗಾಳಿ ಎದ್ದು ಅಂಗಳದ ತಂದೂರಿನ ಬಾಯಿಗೆಲ್ಲ ಬಿಳಿ ಧೂಳು ಕೂತ ದಿನವೂ ಒಳಗೆ ಕೂತು ಹಾಡಿಕೊಂಡಳು. ಸಲಾಮತ್ ಕೆಲಸಕ್ಕೆ ಹೊರಡುವಾಗ ಹೆಂಡತಿಗೆ ಹೇಳಿದ: “ವಾರಕ್ಕೊಂದ್ಸಲ ತೊಳಿ. ಮರೀಬೇಡ. ಅಷ್ಟೇ ಕೆಲಸ.”

ಮೊದಲ ಸಲ ಜಾಲರಿ ಬಿಚ್ಚಿದಾಗ ಅದು ಬೂದಿ ಬಣ್ಣಕ್ಕೆ ತಿರುಗಿತ್ತು. ಅರ್ಜಾಯಿಮ್ ಅದನ್ನು ತಟ್ಟೆಯಂತೆ ಎರಡೂ ಕೈಯಲ್ಲಿ ಹಿಡಿದು ಅಡುಗೆಮನೆಯ ಬಾಗಿಲಲ್ಲಿ ನಿಂತಳು.

“ಅತ್ತೆ, ಇದಕ್ಕೆ ಯಾವ ನೀರು ತಗೊಳ್ಲಿ?”

ಉಲ್ಬೋಸಿನ್ ಹಿಟ್ಟು ನಾದುತ್ತಿದ್ದಳು. ತಲೆ ಎತ್ತಲಿಲ್ಲ.

“ಅಂಗಳದಲ್ಲಿ ಪಂಪಿಲ್ವಾ?”

“ಇದೆ. ಅರ್ಧ ಬಕೆಟ್ ಸಿಹಿನೀರು ಸಾಕಿತ್ತು...”

“ಅರ್ಧ ಬಕೆಟ್ಟಲ್ಲಿ ನಾಲ್ಕು ಹೊತ್ತು ಚಹಾ ಆಗುತ್ತೆ ಕಣೆ. ಧೂಳು ತೊಳೆಯೋಕೆ ಕುಡಿಯೋ ನೀರಾ? ನಿನ್ನ ತೌರಲ್ಲಿ ಕಾಲುವೆ ಮನೆ ಮುಂದೆ ಹರಿಯುತ್ತೆ ಅಂತ ಇಲ್ಲೂ ಹಂಗೇ ಅನ್ಕೋಬೇಡ.”

“ಆಗಲಿ ಅತ್ತೆ.”

ಪಂಪಿನ ಹಿಡಿ ಕಿರುಗುಟ್ಟುವ ಸದ್ದು ಹತ್ತು ಸಲ ಕೇಳಿಸಿತು. ಉಲ್ಬೋಸಿನ್ ಎಣಿಸಿದಳು, ಯಾಕೆ ಎಣಿಸಿದಳೋ ಅವಳಿಗೇ ತಿಳಿಯಲಿಲ್ಲ.

ಮೂರನೆಯ ದಿನಕ್ಕೆ ಇಂಜು ಮತ್ತೆ ಕೆಮ್ಮಿದಳು. ಒಣ ಕೆಮ್ಮು. “ಗಂಟಲು ತುರಿಸುತ್ತೆ ಅಜ್ಜಿ,” ಎಂದಳು. ಉಲ್ಬೋಸಿನ್ ಕುರಿಕೊಬ್ಬು ಕಾಯಿಸಿ ಎದೆಗೆ ಸವರಿದಳು. ವಾರ ಕಳೆದು ಎರಡನೆಯ ಸಲ ತೊಳೆದಾಗ ಕೆಮ್ಮು ಇನ್ನೂ ಹೆಚ್ಚಿತು. ಸಲಾಮತ್ ಮೂರು ದಿನದ ರಜೆಗೆ ಬಂದವನು ಮಗಳ ಎದೆಗೆ ಕಿವಿಯಿಟ್ಟು ಕೇಳಿ, ಮುಖ ಗಂಟಿಕ್ಕಿಕೊಂಡು ಎದ್ದ.

“ತೊಳೀತಿದ್ಯಾ ಅದನ್ನ?”

“ತೊಳೀತಿದೀನಿ,” ಎಂದಳು ಅರ್ಜಾಯಿಮ್.

“ಹೆಂಗೆ ತೊಳೀತಿದೀಯ? ನೀರಿಗೆ ತೋರಿಸಿ ತೆಗೀತಿದೀಯ ಅಷ್ಟೇ ಅನ್ಸುತ್ತೆ. ಹತ್ತು ದಿನ ಸರಿಯಾಗಿದ್ದಿದ್ದು ನೀನು ಕೈ ಹಾಕಿದ ಮೇಲೆ ಹೆಂಗೆ ಕೆಟ್ಟೋಯ್ತು?”

ಅರ್ಜಾಯಿಮ್ ಅತ್ತೆಯ ಕಡೆ ಒಂದು ಸಲ ನೋಡಿದಳು. ಉಲ್ಬೋಸಿನ್ ರೊಟ್ಟಿ ಮುರಿದು ಎಲ್ಲರ ಮುಂದೆ ಇಡುತ್ತಿದ್ದಳು. ಸೊಸೆಯ ಮುಂದೆ ದೊಡ್ಡ ತುಂಡೇ ಇಟ್ಟಳು.

“ಕಾಗದದ್ದೇ ತಂದುಬಿಡೋ,” ಎಂದ ಸಾಪರ್.

“ತಪ್ಪು ಜಾಲರೀದಲ್ಲ ಅಪ್ಪ, ತೊಳೆಯೋರದ್ದು.”

“ಹಂಗಾದ್ರೆ ಒಂದ್ಸಲ ನೀನೇ ತೊಳಿ.”

“ಅಪ್ಪ!”

“ಸರಿ ಮಾರಾಯ, ನಾನೇನೂ ಅನ್ನಲಿಲ್ಲ. ಸಾರು ಆರೋಗುತ್ತೆ, ಕುಡಿ.”

ಮರುದಿನದಿಂದ ಅರ್ಜಾಯಿಮ್ ವಾರಕ್ಕೆ ಮೂರು ಸಲ ತೊಳೆದಳು. ಆಮೇಲೆ ದಿನಾ ತೊಳೆದಳು. ಬೆಳಗ್ಗೆ ಹಸುವಿನ ಹಾಲು ಕರೆದಾದ ಕೂಡಲೇ ಪಂಪಿನ ಹಿಡಿ ಕಿರುಗುಟ್ಟುತ್ತಿತ್ತು. ಸಾಬೂನು ಹಚ್ಚಿ, ಹಳೆ ಹಲ್ಲುಜ್ಜುವ ಬ್ರಷ್ಷಿನಿಂದ ಎಳೆ ಎಳೆ ಉಜ್ಜಿ, ಬಕೆಟ್ಟಿಗೆ ಬಕೆಟ್ಟು ಸುರಿದು ಜಾಲಿಸುವಳು. ಅವಳ ಬೆರಳ ಸಂದುಗಳು ಬಿರುಕು ಬಿಟ್ಟವು. ಅವಳು ಹೆಚ್ಚು ತೊಳೆದಷ್ಟೂ ಮಗು ಹೆಚ್ಚು ಕೆಮ್ಮಿತು.

ಒಂದು ಮಧ್ಯಾಹ್ನ, ಮನೆಯವರೆಲ್ಲ ಮಲಗಿದ್ದಾಗ, ಉಲ್ಬೋಸಿನ್ ಉಗುರಿಗೆ ಬಣ್ಣ ಹಚ್ಚುವ ಹೂವು ಕೊಯ್ಯಲೆಂದು ಹಿತ್ತಿಲಿಗೆ ಹೋದಳು. ಮೊಮ್ಮಗಳು ಕೇಳಿದ್ದಳು. ಕೊಟ್ಟಿಗೆಯ ಮಾಡಿನ ನೆರಳಲ್ಲಿ, ಹಗ್ಗದ ಮೇಲೆ ಜಾಲರಿ ಒಣಗುತ್ತಿತ್ತು. ಅದರ ಮುಂದೆ ಕಂದು ಕರು ನಿಂತಿತ್ತು. ಕತ್ತು ಚಾಚಿ, ಕಣ್ಣು ಅರ್ಧ ಮುಚ್ಚಿ, ಉದ್ದ ನಾಲಿಗೆಯಿಂದ ಜಾಲರಿಯನ್ನು ಕೆಳಗಿನಿಂದ ಮೇಲಕ್ಕೆ ನೆಕ್ಕುತ್ತಿತ್ತು. ಕೊಟ್ಟಿಗೆಯಲ್ಲಿ ಕಟ್ಟಿದ ಉಪ್ಪಿನ ಕಲ್ಲನ್ನು ಅದು ನೆಕ್ಕುವುದು ಹಾಗೆಯೇ.

ಉಲ್ಬೋಸಿನ್ ಕರುವನ್ನು ತಳ್ಳಿದಳು. ಅದು ಹಲ್ಲಲ್ಲಿ ಕಚ್ಚಿಕೊಂಡಿದ್ದ ಮೂಲೆ ಪರ್ರೆಂದು ಹರಿಯಿತು. ಜಾಲರಿಯ ಒಣಗಿದ ಅರ್ಧದ ಮೇಲೆ ಹಿಟ್ಟು ಉದುರಿಸಿದಂತೆ ಬೆಳ್ಳಗೆ ಕೂತಿತ್ತು. ಬೆರಳಿನಿಂದ ಸವರಿ ನಾಲಿಗೆಗೆ ಮುಟ್ಟಿಸಿದಳು. ಮುಟ್ಟಿಸಬೇಕಾದ ಅಗತ್ಯವೇನೂ ಇರಲಿಲ್ಲ.

ಸದ್ದಿಗೆ ಅರ್ಜಾಯಿಮ್ ಹೊರಗೆ ಬಂದಳು. ಹರಿದ ಮೂಲೆ ನೋಡಿದಳು. ಕರುವಿನ ಒದ್ದೆ ಮೂತಿ ನೋಡಿದಳು.

“ಕರು ಕಟ್ಟಬಾರದಿತ್ತಾ?” ಎಂದಳು ಉಲ್ಬೋಸಿನ್. ದನಿ ಅವಳು ಎಣಿಸಿದ್ದಕ್ಕಿಂತ ಜೋರಾಗಿ ಬಂತು. “ನನ್ನ ಮಗ ನೋಡಿದ್ರೆ ಏನಂತಾನೆ?”

“ತಪ್ಪಾಯ್ತು ಅತ್ತೆ,” ಎಂದಳು ಅರ್ಜಾಯಿಮ್. ಸೂಜಿ ದಾರ ತಂದು, ಅಲ್ಲೇ ನೆರಳಲ್ಲಿ ಕೂತು, ಮೂಲೆಯನ್ನು ಹೊಲಿದಳು.

ಆ ಸಂಜೆ ಉಲ್ಬೋಸಿನ್ ಕ್ಯಾನಿನ ಮುಚ್ಚಳ ತೆಗೆದಳು. ಒಂದು ಚೊಂಬು ತುಂಬಿಕೊಂಡಳು. ಚಹಾಕೂಟಕ್ಕೆ ಐದು ದಿನ ಇತ್ತು, ಮಂಗಳವಾರದ ಗಾಡಿ ಬಂದಿರಲಿಲ್ಲ. ಐದು ದಿನ ತಾನೆ, ಅದು ಮುಗಿದ ಮೇಲೆ ಎಲ್ಲ ಸಿಹಿನೀರಲ್ಲೇ ತೊಳೆಸಿದರಾಯಿತು, ಯಾರಿಗೂ ಏನೂ ಹೇಳಬೇಕಾಗಿಲ್ಲ ಎಂದುಕೊಂಡಳು. ಚೊಂಬನ್ನು ಮತ್ತೆ ಕ್ಯಾನಿಗೇ ಸುರಿದು, ಮುಚ್ಚಳದ ಮೇಲೆ ಬಟ್ಟೆ ಹೊದಿಸಿದಳು. ಆಚೆ ಕೋಣೆಯಲ್ಲಿ ಇಂಜು ಕೆಮ್ಮುತ್ತಿದ್ದಳು.

ಭಾನುವಾರ ಹನ್ನೆರಡು ಹೆಂಗಸರೂ ಬಂದರು. ನೆಲದ ಮೇಲೆ ಹಾಸಿದ ಊಟದ ಬಟ್ಟೆಯ ತುಂಬ ಕರಿದ ಹಿಟ್ಟಿನ ಬೌರ್ಸಾಕ್, ಒಣದ್ರಾಕ್ಷಿ, ಸೀಳಿದ ಕರ್ಬೂಜ. ಉಲ್ಬೋಸಿನ್ ನೀರು ಕಾಯುವ ಸಮೋವರಿನ ಪಕ್ಕ ಕೂತು ಬಟ್ಟಲಿಗೆ ಮೊದಲು ಹಾಲು, ಆಮೇಲೆ ಡಿಕಾಕ್ಷನ್ನು, ಆಮೇಲೆ ನೀರು ಬಿಟ್ಟು ಕೊಡುತ್ತಿದ್ದಳು. ಅರ್ಜಾಯಿಮ್ ಬಾಗಿ ಬಟ್ಟಲು ದಾಟಿಸುತ್ತಿದ್ದಳು.

“ಈ ಚಹಾಕ್ಕೆ ಏನು ಮದ್ದು ಹಾಕ್ತೀಯೇ ಉಲ್ಬೋಸಿನ್? ನಮ್ಮನೇಲಿ ಕಾಸಿದ್ರೆ ಒಡೆದ ಹಾಲಿನ ಥರ ಇರುತ್ತೆ,” ಎಂದಳು ಪಕ್ಕದ ಮನೆಯ ಬಿಬಿಗುಲ್.

“ಕ್ಯಾನು ಮುಟ್ಟಿದ್ರೆ ಕೈ ಮುರೀತಾಳೆ, ಅದೇ ಮದ್ದು,” ಎಂದಳು ಇನ್ನೊಬ್ಬಳು. ಎಲ್ಲರೂ ನಕ್ಕರು. ಉಲ್ಬೋಸಿನ್ ಕೂಡ ನಕ್ಕಳು.

ಆಗ ಒಳಗಿನ ಕೋಣೆಯಿಂದ ಕೆಮ್ಮು ಕೇಳಿಸಿತು. ಕೆಮ್ಮು ನಿಂತಿತು, ಶಿಳ್ಳೆಯಂಥ ಉಸಿರು ಕೇಳಿಸಿತು, ಮತ್ತೆ ಕೆಮ್ಮು. ಅರ್ಜಾಯಿಮ್ ಕೈಯಲ್ಲಿದ್ದ ಬಟ್ಟಲು ಕೆಳಗಿಟ್ಟು ಒಳಗೆ ಓಡಿದಳು.

“ಅಷ್ಟು ದೊಡ್ಡ ಏಸಿ ಹಾಕಿಸಿದ್ರೂ ಕಮ್ಮಿ ಆಗ್ಲಿಲ್ವಾ?” ಬಿಬಿಗುಲ್ ದನಿ ತಗ್ಗಿಸಿದಳು. “ನಿನ್ನ ಸೊಸೆ ಅದೇನೋ ಜಾಲರೀನ ಸರಿಯಾಗಿ ತೊಳೆಯಲ್ವಂತೆ? ಸಲಾಮತ್ ನಮ್ಮನೆಯವರ ಹತ್ರ ಹೇಳ್ಕೊಂಡ್ನಂತೆ. ಈಗಿನ ಹುಡುಗೀರಿಗೆ ಫೋನು ಒರೆಸೋದು ಬಿಟ್ರೆ ಇನ್ನೇನು ಬರುತ್ತೆ ಹೇಳು.”

ಹನ್ನೆರಡು ಮುಖಗಳೂ ಉಲ್ಬೋಸಿನಳ ಕಡೆ ತಿರುಗಿದವು. ಇಲ್ಲ ಎನ್ನಲು ಒಂದು ಉಸಿರು ಸಾಕಿತ್ತು.

“ಇನ್ನೊಂದು ಬಟ್ಟಲು ಹಾಕ್ಲಾ?” ಎಂದಳು ಅವಳು.

ಸೋಮವಾರ ಸಲಾಮತ್ ಕೆಲಸದಿಂದ ನೇರ ಆಸ್ಪತ್ರೆಗೆ ಬಂದ. ಇಂಜುವಿನ ಮೂಗಿಗೆ ನಳಿಗೆ ಹಾಕಿ ಮಲಗಿಸಿದ್ದರು. ಕೋಣೆಯ ಗಾಳಿಯಲ್ಲೇ ಏನೋ ಇದೆ, ಸ್ವಲ್ಪ ದಿನ ಜಾಗ ಬದಲಾಯಿಸಿ ಎಂದರು ಡಾಕ್ಟರು. ಎರಡು ದಿನದ ಮೇಲೆ ಮಗುವನ್ನು ಮನೆಗೆ ತಂದಾಗ ಸಲಾಮತ್ ಯಾರ ಮುಖವನ್ನೂ ನೋಡದೆ ಹೇಳಿದ:

“ಬೆರುನಿಗೆ, ಅವಳ ತೌರಿಗೆ ಫೋನ್ ಮಾಡಿದೀನಿ. ಮಾವ ಶುಕ್ರವಾರ ಬರ್ತಾರೆ. ಇಬ್ರೂ ಹೊರಡಲಿ. ಚಳಿ ಬರೋವರೆಗೂ ಅಲ್ಲೇ ಇರಲಿ.”

“ಇಬ್ರೂ ಅಂದ್ರೆ? ಮಗು ಹೋಗ್ಲಿ. ಸೊಸೆ ಯಾಕೆ?” ಎಂದ ಸಾಪರ್.

“ಮಗಳ ಉಸಿರಿನ ಕೆಲಸ ಒಂದೇ ಒಂದು ವಹಿಸಿದ್ದೆ ಅಪ್ಪ. ಅದನ್ನ ಮಾಡೋಕಾಗದೋಳು ಇಲ್ಲಿದ್ದು ಏನು ಮಾಡ್ಬೇಕು? ತಾಯಿ ಮನೇಲಾದ್ರೂ ಕಲೀಲಿ.”

ಹೊಲಗೆಲಸದ ಹೊತ್ತಿನಲ್ಲಿ ಸೊಸೆಯನ್ನು ಅವಳ ಅಪ್ಪನ ಜೊತೆ ವಾಪಸು ಕಳಿಸುವುದೆಂದರೆ ಏನೆಂದು ಓಣಿಯಲ್ಲಿ ಯಾರಿಗೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಅರ್ಜಾಯಿಮ್ ಮಗುವಿನ ಅಂಗಿಗಳನ್ನು ಮಡಚತೊಡಗಿದಳು. ಬೇಸಿಗೆಯವನ್ನು ಮೊದಲು ಮಡಚಿದಳು; ಆಮೇಲೆ ಚಳಿಗಾಲದವನ್ನೂ ತೆಗೆದಳು.

ಉಲ್ಬೋಸಿನ್ ಎರಡು ದಿನ ಮಗನ ಹಿಂದೆ ಮುಂದೆ ಸುಳಿದಳು. “ಸಲಾಮತ್,” ಎಂದು ಕರೆಯುವಳು. ಅವನು “ಏನಮ್ಮ?” ಎಂದರೆ “ರೊಟ್ಟಿಗೆ ಕೆನೆ ಹಾಕ್ಲಾ?” ಎನ್ನುವಳು.

ಗುರುವಾರ ಸಂಜೆ ಸಾಪರ್ ಕೇಳಿದ, “ಏನೇ ಮುದುಕಿ, ಮೂರು ದಿನದಿಂದ ಉಂಡಿಲ್ಲ ನೀನು. ಹಲ್ಲು ನೋವಾ?”

“ಹೂಂ,” ಎಂದಳು.

ಶುಕ್ರವಾರ ಬೆಳಗ್ಗೆ ಮನೆಯವರು ಏಳುವ ಮೊದಲೇ ಉಲ್ಬೋಸಿನ್ ಮೊಮ್ಮಗಳ ಕೋಣೆಯ ಏಸಿಯಿಂದ ಜಾಲರಿ ಬಿಚ್ಚಿದಳು. ಮಂಗಳವಾರದ ಗಾಡಿಯಿಂದ ತುಂಬಿಸಿಕೊಂಡಿದ್ದ ಎರಡು ಕ್ಯಾನುಗಳನ್ನೂ ಅಂಗಳಕ್ಕೆ ಉರುಳಿಸಿಕೊಂಡು ಬಂದಳು. ಅಗಲವಾದ ತಾಮ್ರದ ಹರಿವಾಣದಲ್ಲಿ ಜಾಲರಿಯನ್ನಿಟ್ಟು ಸಿಹಿನೀರು ಸುರಿದಳು. ನೆನೆಹಾಕಿ ಚೆಲ್ಲಿದಳು. ಮತ್ತೆ ಸುರಿದಳು. ನೀರನ್ನು ನಾಲಿಗೆಗೆ ಮುಟ್ಟಿಸಿ ನೋಡಿ ಮತ್ತೆ ಚೆಲ್ಲಿದಳು. ಸೊಸೆ ಹೊಲಿದ ಮೂಲೆಯನ್ನು ಬೆರಳಿನಿಂದ ತೀಡಿದಳು. ಹೊಲಿಗೆ ಇರುವೆಯ ಸಾಲಿನಷ್ಟು ಸಣ್ಣಗಿತ್ತು. ಎರಡು ಕ್ಯಾನೂ ಬರಿದಾದವು. ಜಾಲರಿಯನ್ನು ಹಗ್ಗಕ್ಕೆ ಹಾಕಿ, ಪಂಪಿನ ಬಳಿ ಹೋಗಿ, ಸಮೋವರು ತುಂಬಿಸಿಕೊಂಡಳು.

ಹತ್ತು ಗಂಟೆಗೆ ಬೀಗರು ಬಂದರು. ಎಸೆನ್‌ಬಾಯ್ ಅಂತ, ಬಿಳಿ ಗಡ್ಡ, ಹೊಸ ಟೋಪಿ, ಕಂಕುಳಲ್ಲಿ ಎರಡು ರೊಟ್ಟಿಯ ಗಂಟು. ಕಾರಣ ಗೊತ್ತಿದ್ದರೂ ಮದುವೆಗೆ ಬಂದವರ ಹಾಗೆ ಎಲ್ಲರ ಆರೋಗ್ಯ, ದನಕರುಗಳ ಆರೋಗ್ಯ, ಹತ್ತಿಯ ಬೆಳೆ ವಿಚಾರಿಸಿದರು. ಮಗಳ ಕಡೆ ಮಾತ್ರ ನೋಡಲಿಲ್ಲ. ಅವರನ್ನು ಬಾಗಿಲಿಗೆದುರಾದ ಮೇಲುಜಾಗದಲ್ಲಿ ಕೂರಿಸಿದರು. ಸಲಾಮತ್ ಮಾವನ ಮುಂದೆ ತಲೆ ತಗ್ಗಿಸಿ ಕೂತ. ಅರ್ಜಾಯಿಮ್ ಬಾಗಿಲ ಬಳಿ, ಇಂಜು ಅವಳ ತೊಡೆಯ ಮೇಲೆ.

“ಬೀಗಿತ್ತಿಯ ಚಹಾ ಕುಡಿದು ಎರಡು ವರ್ಷ ಆಯ್ತು,” ಎಂದರು ಎಸೆನ್‌ಬಾಯ್. “ದಾರೀಲೆಲ್ಲ ಅದನ್ನೇ ನೆನೀತಾ ಬಂದೆ.”

ಉಲ್ಬೋಸಿನ್ ಬಟ್ಟಲಿಗೆ ಹಾಲು ಬಿಟ್ಟಳು, ಡಿಕಾಕ್ಷನ್ನು ಬಿಟ್ಟಳು, ನೀರು ಬಿಟ್ಟಳು. ಹಾಲು ಸಣ್ಣ ಸಣ್ಣ ಎಳೆಯಾಗಿ ಒಡೆದು ಮೇಲೆ ತೇಲಿತು. ಬಟ್ಟಲನ್ನು ತಾನೇ ಎದ್ದು ಹೋಗಿ ಬೀಗರ ಕೈಗೆ ಕೊಟ್ಟಳು.

ಎಸೆನ್‌ಬಾಯ್ ಒಂದು ಗುಟುಕು ಕುಡಿದರು. ಗಡ್ಡ ಒರೆಸಿಕೊಂಡರು. ಏನೂ ಆಗದವರಂತೆ ಇನ್ನೊಂದು ಗುಟುಕು ಕುಡಿದರು. ಸಾಪರ್ ತನ್ನ ಬಟ್ಟಲನ್ನು ಬಾಯಿಗಿಟ್ಟವನು ಕೆಮ್ಮಿ ಕೆಳಗಿಟ್ಟ.

“ಏನೇ ಇದು! ಉಪ್ಪು! ಬೀಗರಿಗೆ ಪಂಪಿನ ನೀರಲ್ಲಿ ಚಹಾ ಕೊಡೋದಾ? ತಲೆ ಕೆಟ್ಟಿದ್ಯಾ ನಿಂಗೆ?”

“ಕುಡೀರಿ,” ಎಂದಳು ಉಲ್ಬೋಸಿನ್. ಅವಳು ನಿಂತೇ ಇದ್ದಳು. “ಸಲಾಮತ್, ನೀನೂ ಕುಡಿ.”

“ಅಮ್ಮ...”

“ಕುಡಿ. ಈ ನೀರಲ್ಲೇ ಆ ಜಾಲರಿ ತೊಳೆಸಿದ್ದು ನಾನು. ಅವಳು ಸಿಹಿನೀರು ಕೇಳಿದ್ಲು. ನಾನು ಕೊಡ್ಲಿಲ್ಲ. ಅಂಗಡಿಯವನು ನಂಗೆ ಹೇಳಿದ್ದ, ಉಪ್ಪುನೀರು ಮುಟ್ಟಿಸಬೇಡಿ ಅಂತ. ನೀನು ಕಾರು ನೆರಳಿಗೆ ಹಾಕೋಕೆ ಹೋಗಿದ್ದೆ. ನಿಂಗೆ ಅರ್ಧ ಹೇಳಿದೆ, ಅರ್ಧ ನುಂಗ್ದೆ. ನೀನು ಬೈದಷ್ಟೂ ಅವಳು ತೊಳೆದ್ಲು. ತೊಳೆದಷ್ಟೂ ಆ ಮಗು ಉಪ್ಪು ಉಸಿರಾಡ್ತು. ಎಲ್ಲ ಗೊತ್ತಿದ್ದೂ ಹನ್ನೆರಡು ಜನಕ್ಕೆ ಸಿಹಿನೀರ ಚಹಾ ಮಾಡಿಕೊಟ್ಟೆ ನಾನು.”

ಸಮೋವರಿನೊಳಗೆ ನೀರು ಸುಯ್ಯೆನ್ನುತ್ತಿತ್ತು. ಸಲಾಮತ್ ಬಟ್ಟಲನ್ನು ಕೈಯಲ್ಲಿ ಹಿಡಿದೇ ಇದ್ದ. ಕುಡಿಯಲೂ ಇಲ್ಲ, ಇಡಲೂ ಇಲ್ಲ. ಹೆಂಡತಿಯ ಕಡೆ ತಿರುಗಲು ನೋಡಿದ, ಕತ್ತು ಅರ್ಧಕ್ಕೇ ನಿಂತಿತು.

ಎಸೆನ್‌ಬಾಯ್ ಬಟ್ಟಲಿನ ತಳದವರೆಗೂ ಕುಡಿದು, ಒಡೆದ ಹಾಲಿನ ಎಳೆಗಳನ್ನೂ ನುಂಗಿ, ಬಟ್ಟಲನ್ನು ಸಾಕೆಂಬ ಗುರುತಾಗಿ ಬಟ್ಟೆಯ ಮೇಲೆ ಬೋರಲು ಹಾಕಿದರು. “ಬಿಸಿಲೇರೋ ಮೊದಲು ಹೊರಡಬೇಕು,” ಎಂದರು. “ಮಗೂಗೆ ಗಾಳಿ ಬದಲಾವಣೆ ಬೇಕು ಅಂದಿದಾರಲ್ಲ. ಅದಂತೂ ನಿಜ.”

ಬಾಗಿಲ ಬಳಿ ಅರ್ಜಾಯಿಮ್ ಮಗಳಿಗೆ ಚಪ್ಪಲಿ ತೊಡಿಸುತ್ತಿದ್ದಳು. ಉಲ್ಬೋಸಿನ್ ಪಕ್ಕಕ್ಕೆ ಬಂದು ನಿಂತಳು.

“ಕರು ನೆಕ್ಕಿದ ದಿನವೇ ನಂಗೆ ಗೊತ್ತಾಯ್ತು ಅತ್ತೆ,” ಎಂದಳು ಅರ್ಜಾಯಿಮ್, ತಲೆ ಎತ್ತದೆ.

“ಮತ್ತೆ ಯಾಕೆ ಬಾಯಿ ಬಿಡ್ಲಿಲ್ಲ ನೀನು?”

“ನೀವೇ ಹೇಳ್ತೀರ ಅಂತ ಕಾಯ್ತಿದ್ದೆ.” ಚಪ್ಪಲಿಯ ಪಟ್ಟಿ ಒಮ್ಮೆಗೇ ಸಿಗಲಿಲ್ಲ; ಬಿರುಕು ಬಿಟ್ಟ ಬೆರಳುಗಳಿಂದ ಮತ್ತೆ ಎಳೆದಳು. “ಕಾಯ್ತಾ ದಿನಾ ಅದೇ ನೀರಲ್ಲಿ ತೊಳೆದೆ. ನನ್ನ ಮಗೂದೇ ಉಸಿರು. ಕಾಯಬಾರದಿತ್ತು ನಾನು.”

ಉಲ್ಬೋಸಿನ್ ಮೊಮ್ಮಗಳ ತಲೆ ಮುಟ್ಟಿದಳು. “ಬಾಯ್ ಅಜ್ಜಿ,” ಎಂದು ಇಂಜು ಕೆಮ್ಮುತ್ತಲೇ ಕೈಬೀಸಿದಳು. ಸಲಾಮತ್ ಚೀಲಗಳನ್ನೆತ್ತಿಕೊಂಡು ಕಾರಿನವರೆಗೂ ಹೋದ. ಚಳಿಗಾಲದ ಅಂಗಿಯ ಚೀಲವನ್ನು ಡಿಕ್ಕಿಯಿಂದ ಕೆಳಗಿಳಿಸಿ, “ಇದು ಇಲ್ಲೇ ಇರಲಿ, ಹದಿನೈದು ದಿನಕ್ಕೆ ನಾನೇ ಬರ್ತೀನಿ,” ಎಂದದ್ದು ಕೇಳಿಸಿತು. ಅರ್ಜಾಯಿಮ್ ಏನೆಂದಳೋ ಕೇಳಿಸಲಿಲ್ಲ. ಚೀಲವನ್ನು ಅವಳು ತಿರುಗಿ ಕೈಗೆ ತೆಗೆದುಕೊಂಡದ್ದು ಮಾತ್ರ ಕಂಡಿತು.

ಕಾರು ತಿರುವು ದಾಟಿದ ಮೇಲೆ ಉಲ್ಬೋಸಿನ್ ಹಿತ್ತಿಲಿಗೆ ಹೋದಳು. ಮಾಡಿನ ನೆರಳಲ್ಲಿ ಜಾಲರಿ ಒಣಗಿತ್ತು. ಕಟ್ಟದೆ ಬಿಟ್ಟಿದ್ದ ಕರು ಅದರ ಹತ್ತಿರ ಬರುತ್ತಿತ್ತು. ಅವಳು ಓಡಿಸಲಿಲ್ಲ. ನಿಂತು ನೋಡಿದಳು. ಕರು ಕತ್ತು ಚಾಚಿ, ಹೊಲಿದ ಮೂಲೆಯನ್ನು ಮೂಸಿತು. ಒಂದು ಸಲ ನಾಲಿಗೆ ಆಡಿಸಿತು. ಅದರಲ್ಲಿ ಏನೂ ಸಿಗದೆ ಮುಖ ತಿರುಗಿಸಿಕೊಂಡು ಕೊಟ್ಟಿಗೆಗೆ ಹೊರಟುಹೋಯಿತು.